ಆಪ್ಟಿಕಲ್ ಡಿಸ್ಕ್ ಡ್ರೈವ್‌ನ ವೇಗ ನಿಯಂತ್ರಣ

ಆಪ್ಟಿಕಲ್ ಡಿಸ್ಕ್ ಡ್ರೈವ್‌ನ ವೇಗ ನಿಯಂತ್ರಣ ಎಂದರೆ ಸಿ.ಡಿ., ಡಿ.ವಿ.ಡಿ. ಅಥವಾ ಬ್ಲೂ-ರೇ ಡಿಸ್ಕನ್ನು ಓದುವಾಗ ಡ್ರೈವ್ ತನ್ನ ಗರಿಷ್ಠ ವೇಗಕ್ಕೆ ಏರದಂತೆ ಮಿತಿ ವಿಧಿಸುವ ಕ್ರಮ. ದತ್ತಾಂಶವನ್ನು ತಪ್ಪಿಲ್ಲದೆ ಓದುವುದು ಇದರ ಮುಖ್ಯ ಉದ್ದೇಶ. ಸದ್ದು, ಕಂಪನ ಮತ್ತು ಶಾಖವನ್ನು ತಗ್ಗಿಸುವುದು, ಬಿರುಕು ಬಿಟ್ಟ ಡಿಸ್ಕ್ ಡ್ರೈವ್‌ನೊಳಗೆ ಒಡೆದುಹೋಗದಂತೆ ತಡೆಯುವುದು ಇತರ ಉದ್ದೇಶಗಳು. ಈ ನಿಯಂತ್ರಣವನ್ನು ಡ್ರೈವ್‌ನ ಒಳತಂತ್ರಾಂಶವೇ ತಾನಾಗಿ ಕೈಗೊಳ್ಳಬಹುದು. ಗಣಕಯಂತ್ರದಿಂದ ಆಜ್ಞೆ ಕಳುಹಿಸಿ ಬಳಕೆದಾರರೂ ವೇಗವನ್ನು ಗೊತ್ತುಪಡಿಸಬಹುದು. ಹಳೆಯ ಡಿಸ್ಕ್‌ಗಳಲ್ಲಿ ಉಳಿದಿರುವ ಧ್ವನಿಮುದ್ರಣ, ಛಾಯಾಚಿತ್ರ ಮತ್ತು ಕಡತಗಳನ್ನು ಬೇರೆ ಮಾಧ್ಯಮಕ್ಕೆ ವರ್ಗಾಯಿಸುವ ಕೆಲಸದಲ್ಲಿ ಇದು ಮೊದಲು ಪ್ರಯತ್ನಿಸುವ ಹಾಗೂ ಖರ್ಚಿಲ್ಲದ ಉಪಾಯವಾಗಿದೆ. ಆದರೆ ವೇಗ ತಗ್ಗಿದಷ್ಟೂ ಓದು ಉತ್ತಮಗೊಳ್ಳುತ್ತದೆ ಎಂಬ ನಿಯಮವಿಲ್ಲ. ಸೂಕ್ತ ವೇಗವು ಡಿಸ್ಕ್‌ಗೆ ಆಗಿರುವ ಹಾನಿಯ ಬಗೆಯನ್ನೂ ಡ್ರೈವ್‌ನ ರಚನೆಯನ್ನೂ ಅವಲಂಬಿಸಿರುತ್ತದೆ.

ವೇಗದ ಅಳತೆ

ಡ್ರೈವ್‌ಗಳ ಮುಖಫಲಕದ ಮೇಲೆ ಅಂಕಿಯೊಂದಿಗೆ ಮುದ್ರಿತವಾಗಿರುವ 'ಎಕ್ಸ್' ಅಕ್ಷರವು 'ಪಟ್ಟು' ಎಂಬುದನ್ನು ಸೂಚಿಸುತ್ತದೆ. ಸಿ.ಡಿ.ಯ ಮಟ್ಟಿಗೆ ಒಂದು ಪಟ್ಟು ಎಂದರೆ ಸಂಗೀತದ ಡಿಸ್ಕ್ ನುಡಿಸಲು ಬೇಕಾದ ವೇಗ. ಫಿಲಿಪ್ಸ್ ಮತ್ತು ಸೋನಿ ಸಂಸ್ಥೆಗಳು ಜೊತೆಗೂಡಿ ರೂಪಿಸಿದ ಈ ಡಿಸ್ಕ್ 1982ರಲ್ಲಿ ಮಾರುಕಟ್ಟೆಗೆ ಬಂದಾಗ ಸೆಕೆಂಡಿಗೆ 75 ಸೆಕ್ಟರ್‌ಗಳನ್ನು ಓದುವ ವ್ಯವಸ್ಥೆ ಇತ್ತು. ಗಣಕಯಂತ್ರದ ದತ್ತಾಂಶ ಡಿಸ್ಕ್‌ನ ಪ್ರತಿ ಸೆಕ್ಟರ್‌ನಲ್ಲಿ 2,048 ಬೈಟ್ ಉಪಯುಕ್ತ ಮಾಹಿತಿ ಇರುವುದರಿಂದ ಒಂದು ಪಟ್ಟು ವೇಗದಲ್ಲಿ ಸೆಕೆಂಡಿಗೆ 1,53,600 ಬೈಟ್ ದೊರೆಯುತ್ತದೆ. ಡಿ.ವಿ.ಡಿ.ಯಲ್ಲಿ ಒಂದು ಪಟ್ಟು ಎಂದರೆ ಸೆಕೆಂಡಿಗೆ ಸುಮಾರು 13.85 ಲಕ್ಷ ಬೈಟ್, ಬ್ಲೂ-ರೇ ಡಿಸ್ಕ್‌ನಲ್ಲಿ ಸುಮಾರು 45 ಲಕ್ಷ ಬೈಟ್.

ಈ ಮೂರೂ ಬಗೆಗಳಲ್ಲಿ 'ಪಟ್ಟು' ಒಂದೇ ಅಲ್ಲ ಎಂಬುದನ್ನು ವೇಗ ಆಯ್ಕೆ ಮಾಡುವಾಗ ಗಮನಿಸಬೇಕು. ಓದುವ ಲೇಸರ್ ಕಿರಣದಡಿ ಸಿ.ಡಿ.ಯ ಜಾಡು ಸೆಕೆಂಡಿಗೆ 1.2ರಿಂದ 1.4 ಮೀಟರ್ ಸಾಗಿದರೆ ಅದು ಒಂದು ಪಟ್ಟು. ಏಕಪದರದ ಡಿ.ವಿ.ಡಿ.ಯಲ್ಲಿ ಇದು ಸುಮಾರು 3.49 ಮೀಟರ್, 25 ಗಿಗಾಬೈಟ್‌ನ ಬ್ಲೂ-ರೇ ಡಿಸ್ಕ್‌ನಲ್ಲಿ ಸುಮಾರು 4.92 ಮೀಟರ್. ಹೀಗಾಗಿ 52 ಪಟ್ಟಿನ ಸಿ.ಡಿ., 16 ಪಟ್ಟಿನ ಡಿ.ವಿ.ಡಿ. ಮತ್ತು 12 ಪಟ್ಟಿನ ಬ್ಲೂ-ರೇ ಡಿಸ್ಕ್ ಇವು ಕಾಗದದ ಮೇಲೆ ಬೇರೆಬೇರೆ ಅಂಕಿಗಳಾಗಿ ಕಂಡರೂ, ಡಿಸ್ಕ್ ತಿರುಗುವ ಗತಿ ಮೂರರಲ್ಲೂ ನಿಮಿಷಕ್ಕೆ 10,000 ಸುತ್ತುಗಳ ಆಸುಪಾಸಿನಲ್ಲಿಯೇ ಇರುತ್ತದೆ.

ಸ್ಥಿರ ರೇಖೀಯ ವೇಗ ಮತ್ತು ಸ್ಥಿರ ಕೋನೀಯ ವೇಗ

ಆಪ್ಟಿಕಲ್ ಡಿಸ್ಕ್‌ನ ಜಾಡು ಒಳಗಿನಿಂದ ಹೊರಕ್ಕೆ ಸಾಗುವ ಒಂದೇ ಸುರುಳಿ. ಸಿ.ಡಿ.ಯಲ್ಲಿ ಅದರ ಪೂರ್ಣ ಉದ್ದ ಐದು ಕಿಲೋಮೀಟರಿಗೂ ಹೆಚ್ಚು. ಒಳಸುತ್ತಿನ ಪರಿಧಿ ಚಿಕ್ಕದು, ಹೊರಸುತ್ತಿನದು ದೊಡ್ಡದು. ಜಾಡು ಎಲ್ಲೆಡೆ ಒಂದೇ ವೇಗದಲ್ಲಿ ಕಿರಣದಡಿ ಸಾಗಬೇಕಾದರೆ ಒಳಭಾಗವನ್ನು ಓದುವಾಗ ಡಿಸ್ಕ್ ಬೇಗ ತಿರುಗಬೇಕು, ಅಂಚಿನತ್ತ ಹೋದಂತೆ ನಿಧಾನವಾಗಬೇಕು. ಇದು ಸ್ಥಿರ ರೇಖೀಯ ವೇಗದ ಪದ್ಧತಿ. ಸಂಗೀತದ ಸಿ.ಡಿ. ನುಡಿಸುವಾಗ ಅದು ಆರಂಭದಲ್ಲಿ ನಿಮಿಷಕ್ಕೆ ಸುಮಾರು 500 ಸುತ್ತು, ಕೊನೆಯಲ್ಲಿ ಸುಮಾರು 200 ಸುತ್ತು ತಿರುಗುತ್ತದೆ.

ವೇಗ ಹತ್ತು-ಹನ್ನೆರಡು ಪಟ್ಟನ್ನು ಮೀರಿದಾಗ ಈ ಪದ್ಧತಿ ಕಷ್ಟವಾಯಿತು. ಓದುವ ತಲೆ ಒಂದೆಡೆಯಿಂದ ಇನ್ನೊಂದೆಡೆಗೆ ಜಿಗಿದಾಗಲೆಲ್ಲ ಮೋಟಾರು ಸಾವಿರಾರು ಸುತ್ತುಗಳಷ್ಟು ಏರಬೇಕು ಅಥವಾ ಇಳಿಯಬೇಕು. ಅಷ್ಟು ಹೊತ್ತು ಓದು ನಿಂತಿರುತ್ತದೆ. ಆದ್ದರಿಂದ ತಯಾರಕರು ಸ್ಥಿರ ಕೋನೀಯ ವೇಗದ ಪದ್ಧತಿಗೆ ತಿರುಗಿದರು. ಇದರಲ್ಲಿ ಡಿಸ್ಕ್ ಸದಾ ಒಂದೇ ಗತಿಯಲ್ಲಿ ತಿರುಗುತ್ತದೆ. ಹೊರಸುತ್ತು ಉದ್ದವಾಗಿರುವುದರಿಂದ ಅಲ್ಲಿ ದತ್ತಾಂಶ ಬೇಗ ದೊರೆಯುತ್ತದೆ. '52 ಪಟ್ಟು' ಎಂದು ಮುದ್ರಿಸಿರುವ ಡ್ರೈವ್ ಆ ವೇಗವನ್ನು ಮುಟ್ಟುವುದು ತುಂಬಿದ ಡಿಸ್ಕ್‌ನ ಹೊರ ಅಂಚಿನಲ್ಲಿ ಮಾತ್ರ. ಒಳಭಾಗದಲ್ಲಿ ಅದೇ ಡ್ರೈವ್‌ನ ವೇಗ ಸುಮಾರು 22 ಪಟ್ಟು. ಇವೆರಡರ ನಡುವಿನ ಮಿಶ್ರ ಪದ್ಧತಿಗಳೂ ಬಳಕೆಯಲ್ಲಿವೆ.

ಈ ಬದಲಾವಣೆಯ ಒಂದು ಪರಿಣಾಮ ಓದಿನ ವಿಶ್ವಾಸಾರ್ಹತೆಗೆ ನೇರವಾಗಿ ಸಂಬಂಧಿಸಿದೆ. ಡಿಸ್ಕನ್ನು ಕೈಯಲ್ಲಿ ಹಿಡಿಯುವುದು ಅಂಚಿನಿಂದ. ಬೆರಳಿನ ಗುರುತು, ಗೀರು, ಬರೆಯುವ ಹಂತದಲ್ಲೇ ಉಂಟಾದ ದೌರ್ಬಲ್ಯ ಇವು ಹೊರಭಾಗದಲ್ಲಿ ಹೆಚ್ಚಾಗಿರುವುದು ಸಾಮಾನ್ಯ. ಸ್ಥಿರ ಕೋನೀಯ ವೇಗದ ಡ್ರೈವ್ ಅತ್ಯಂತ ವೇಗವಾಗಿ ಓದುವುದೂ ಇದೇ ಭಾಗವನ್ನು. ಅರ್ಧದವರೆಗೆ ಸುಲಲಿತವಾಗಿ ನಕಲಾದ ಡಿಸ್ಕ್ ಕೊನೆಯ ಕಡತಗಳಲ್ಲಿ ತಡವರಿಸುವುದಕ್ಕೆ ಇದೊಂದು ಕಾರಣ.

ವೇಗ ಹೆಚ್ಚಿದಾಗ ಆಗುವ ತೊಂದರೆಗಳು

ಜಾಡಿನ ಅನುಸರಣೆ

ಸಿ.ಡಿ.ಯ ಎರಡು ಸುತ್ತುಗಳ ನಡುವಿನ ಅಂತರ 1.6 ಮೈಕ್ರೋಮೀಟರ್, ಡಿ.ವಿ.ಡಿ.ಯಲ್ಲಿ 0.74, ಬ್ಲೂ-ರೇ ಡಿಸ್ಕ್‌ನಲ್ಲಿ 0.32. ಓದುವ ಮಸೂರವು ಡಿಸ್ಕನ್ನು ಮುಟ್ಟದೆ ಈ ಜಾಡಿನ ಮೇಲೆ ನಿಲ್ಲಬೇಕು. ಅದನ್ನು ಹಿಡಿದಿರುವ ಸಣ್ಣ ಸುರುಳಿತಂತಿಗಳಿಗೆ ವಿದ್ಯುತ್ ಹಾಯಿಸಿ, ಮಸೂರವನ್ನು ಮೇಲೆ-ಕೆಳಗೆ ಹಾಗೂ ಅಕ್ಕಪಕ್ಕ ಸರಿಸುವ ವ್ಯವಸ್ಥೆಗೆ ಸರ್ವೋ ಎನ್ನುತ್ತಾರೆ. ಮರಳಿ ಬರುವ ಬೆಳಕನ್ನು ಅಳೆದು ಅದು ಕ್ಷಣಕ್ಷಣವೂ ಮಸೂರದ ಸ್ಥಾನವನ್ನು ತಿದ್ದುತ್ತಿರುತ್ತದೆ.

ಯಾವ ಡಿಸ್ಕೂ ಪೂರ್ಣ ಸಮತಟ್ಟಾಗಿರುವುದಿಲ್ಲ. ನಡುವಿನ ರಂಧ್ರವೂ ಸುರುಳಿಯ ಕೇಂದ್ರಕ್ಕೆ ಸರಿಯಾಗಿ ಹೊಂದಿಕೊಂಡಿರುವುದಿಲ್ಲ. ಕೇಂದ್ರ ತುಸು ತಪ್ಪಿದ ಡಿಸ್ಕ್ ಒಂದು ಸುತ್ತು ಮುಗಿಸುವಷ್ಟರಲ್ಲಿ ಜಾಡು ಒಮ್ಮೆ ಆ ಕಡೆಗೂ ಒಮ್ಮೆ ಈ ಕಡೆಗೂ ಸರಿಯುತ್ತದೆ. ಮಸೂರ ಅದನ್ನು ಹಿಂಬಾಲಿಸಬೇಕಾದ ವೇಗೋತ್ಕರ್ಷವು ಸುತ್ತುವ ಗತಿಯ ವರ್ಗಕ್ಕೆ ಅನುಗುಣವಾಗಿ ಏರುತ್ತದೆ. ಗತಿ ಇಮ್ಮಡಿಯಾದರೆ ಅದು ನಾಲ್ಕು ಪಟ್ಟು, ನಾಲ್ಮಡಿಯಾದರೆ ಹದಿನಾರು ಪಟ್ಟು. ಜಾಡು ಎರಡೂ ಕಡೆಗೆ 70 ಮೈಕ್ರೋಮೀಟರ್‌ನಷ್ಟು ಸರಿಯುವ ಡಿಸ್ಕನ್ನು ಉದಾಹರಣೆಗೆ ತೆಗೆದುಕೊಳ್ಳಬಹುದು. ನಿಮಿಷಕ್ಕೆ 500 ಸುತ್ತಿನಲ್ಲಿ ಮಸೂರಕ್ಕೆ ಬೇಕಾಗುವ ವೇಗೋತ್ಕರ್ಷ ಗುರುತ್ವದ ಐವತ್ತನೆಯ ಒಂದು ಭಾಗದಷ್ಟು. 10,000 ಸುತ್ತಿನಲ್ಲಿ ಅದು 400 ಪಟ್ಟು ಹೆಚ್ಚಿ, ಗುರುತ್ವದ ಸುಮಾರು ಎಂಟು ಪಟ್ಟಾಗುತ್ತದೆ. ವೇಗವನ್ನು ಅರ್ಧಕ್ಕಿಳಿಸಿದರೂ ಸರ್ವೋ ಮೇಲಿನ ಹೊರೆ ನಾಲ್ಕನೆಯ ಒಂದಕ್ಕೆ ಇಳಿಯುತ್ತದೆ. ವೇಗ ನಿಯಂತ್ರಣದ ಪ್ರಯೋಜನದ ಬಹುಪಾಲು ಈ ಸರಳ ಗಣಿತದಲ್ಲಿದೆ.

ಬಾಗಿದ ಡಿಸ್ಕ್‌ನಲ್ಲಿ ಇದೇ ಕಷ್ಟ ಮೇಲೆ-ಕೆಳಗಿನ ದಿಕ್ಕಿನಲ್ಲಿ ಎದುರಾಗುತ್ತದೆ. ಸಿ.ಡಿ.ಯ ಮೇಲೆ ಕಿರಣದ ನಾಭಿ ಎರಡು ಮೈಕ್ರೋಮೀಟರ್‌ನಷ್ಟು ಹೆಚ್ಚು ಕಡಿಮೆಯಾದರೂ ಬಿಂದು ಮಸುಕಾಗತೊಡಗುತ್ತದೆ. ಬಿಸಿಲಿನಲ್ಲಿ ಅಥವಾ ಕಾರಿನೊಳಗೆ ಬಿಟ್ಟು ಬಾಗಿದ ಡಿಸ್ಕ್‌ಗಳು ನಿಧಾನಗತಿಯಲ್ಲಿ ಮಾತ್ರ ಓದಲು ಸಿಗುವುದು ಈ ಕಾರಣದಿಂದ.

ಕಂಪನ

ಒಂದು ಬದಿಗೆ ಕಾಗದದ ಚೀಟಿ ಅಂಟಿಸಿದ ಡಿಸ್ಕ್‌ನಲ್ಲಿ ತೂಕ ಸಮನಾಗಿ ಹಂಚಿಕೆಯಾಗಿರುವುದಿಲ್ಲ. ತಿರುಗುವಾಗ ಅದು ಇಡೀ ಡ್ರೈವನ್ನೇ ಅಲುಗಾಡಿಸುತ್ತದೆ. ಈ ಬಲವೂ ಗತಿಯ ವರ್ಗದಂತೆ ಏರುತ್ತದೆ. ಅನೇಕ ಡ್ರೈವ್‌ಗಳಲ್ಲಿ ಇದನ್ನು ಸರಿದೂಗಿಸಲು ಮೋಟಾರಿನೊಂದಿಗೆ ಉರುಳುವ ಸಣ್ಣ ಗುಂಡುಗಳ ವ್ಯವಸ್ಥೆ ಇರುತ್ತದೆ. ಆದರೆ ಅದಕ್ಕೂ ಮಿತಿ ಉಂಟು.

ಸಂಕೇತದ ಗುಣಮಟ್ಟ

ಒಂದು ಪಟ್ಟು ವೇಗದ ಸಿ.ಡಿ.ಯಲ್ಲಿ ಸೆಕೆಂಡಿಗೆ ಸುಮಾರು 43 ಲಕ್ಷ ಸಂಕೇತ ಬಿಟ್‌ಗಳು ಹಾದುಹೋಗುತ್ತವೆ. 52 ಪಟ್ಟಿನಲ್ಲಿ ಇದು 22 ಕೋಟಿಯನ್ನು ದಾಟುತ್ತದೆ. ಇಷ್ಟು ಬೇಗ ಬದಲಾಗುವ ಬೆಳಕನ್ನು ಗ್ರಹಿಸಲು ಡ್ರೈವ್‌ನ ವಿದ್ಯುನ್ಮಾನ ಮಂಡಲವು ವಿಶಾಲವಾದ ಆವೃತ್ತಿ ವ್ಯಾಪ್ತಿಯನ್ನು ತೆರೆದಿಡಬೇಕಾಗುತ್ತದೆ. ಆಗ ಸಂಕೇತದೊಂದಿಗೆ ವಿದ್ಯುತ್ ಗದ್ದಲವೂ ಹೆಚ್ಚು ಒಳಬರುತ್ತದೆ. ಹೊಸ ಡಿಸ್ಕ್‌ನಲ್ಲಿ ಇದು ಲೆಕ್ಕಕ್ಕೆ ಬರುವುದಿಲ್ಲ. ವರ್ಣದ್ರವ್ಯ ಮಾಸಿದ, ಪ್ರತಿಫಲನ ಕುಗ್ಗಿದ, ಮನೆಯಲ್ಲಿ ಬರೆದ ಡಿಸ್ಕ್‌ನಲ್ಲಿ ಗುರುತು ಇರುವ ಜಾಗಕ್ಕೂ ಇಲ್ಲದ ಜಾಗಕ್ಕೂ ವ್ಯತ್ಯಾಸವೇ ಕಡಿಮೆ. ಅಲ್ಲಿ ಗದ್ದಲ ಸಂಕೇತವನ್ನು ನುಂಗಿಹಾಕಬಹುದು.

ಡಿಸ್ಕ್ ಒಡೆಯುವ ಅಪಾಯ

ನಿಮಿಷಕ್ಕೆ 10,000 ಸುತ್ತು ತಿರುಗುವ 12 ಸೆಂಟಿಮೀಟರ್ ಡಿಸ್ಕ್‌ನ ಅಂಚು ಗಂಟೆಗೆ 220 ಕಿಲೋಮೀಟರಿಗೂ ಮಿಕ್ಕಿದ ವೇಗದಲ್ಲಿ ಚಲಿಸುತ್ತಿರುತ್ತದೆ. ಅಲ್ಲಿಯ ಕೇಂದ್ರಾಭಿಮುಖ ವೇಗೋತ್ಕರ್ಷ ಗುರುತ್ವದ ಆರು ಸಾವಿರ ಪಟ್ಟನ್ನು ಮೀರುತ್ತದೆ. ಪಾಲಿಕಾರ್ಬೊನೇಟ್ ಇದನ್ನು ತಾಳಿಕೊಳ್ಳಬಲ್ಲದು. ಆದರೆ ಡಿಸ್ಕ್‌ನ ಮೇಲಿನ ಎಳೆತ ಗರಿಷ್ಠವಾಗಿರುವುದು ನಡುವಿನ ರಂಧ್ರದ ಸುತ್ತ. ಡಬ್ಬಿಯಿಂದ ಕೀಳುವಾಗ ಕೂದಲೆಳೆಯ ಬಿರುಕುಗಳು ಹುಟ್ಟುವುದೂ ಅಲ್ಲಿಯೇ. ಅಂತಹ ಡಿಸ್ಕ್ ಪೂರ್ಣ ವೇಗದಲ್ಲಿ ಚೂರುಚೂರಾಗಿ ಡ್ರೈವನ್ನೂ ಹಾಳುಮಾಡಬಲ್ಲದು. ರಂಧ್ರದ ಅಂಚಿನಲ್ಲಿ ಬಿರುಕು ಕಂಡ ಡಿಸ್ಕನ್ನು ವೇಗ ತಗ್ಗಿಸದೆ ಓದಬಾರದು. ಬಿರುಕು ದತ್ತಾಂಶದ ಭಾಗದವರೆಗೆ ಹಬ್ಬಿದ್ದರೆ ಅದನ್ನು ಸಾಮಾನ್ಯ ಡ್ರೈವ್‌ಗೆ ಹಾಕದಿರುವುದೇ ಲೇಸು.

ಸುತ್ತುವ ಗತಿಯನ್ನು ಏರಿಸದೆ ವೇಗ ಸಾಧಿಸುವ ಪ್ರಯತ್ನಗಳೂ ನಡೆದಿದ್ದವು. ಝೆನ್ ರಿಸರ್ಚ್ ಸಂಸ್ಥೆಯ ತಂತ್ರವನ್ನು ಬಳಸಿದ ಕೆನ್ವುಡ್ ಡ್ರೈವ್‌ಗಳು ಲೇಸರ್ ಕಿರಣವನ್ನು ಏಳಾಗಿ ಒಡೆದು ಅಕ್ಕಪಕ್ಕದ ಜಾಡುಗಳನ್ನು ಏಕಕಾಲಕ್ಕೆ ಓದುತ್ತಿದ್ದವು. ಈ ಮಾರ್ಗ ಹೆಚ್ಚು ಕಾಲ ಮುಂದುವರಿಯಲಿಲ್ಲ.

ದೋಷ ತಿದ್ದುಪಡಿಯ ಪಾತ್ರ

ಆಪ್ಟಿಕಲ್ ಡಿಸ್ಕ್‌ಗಳನ್ನು ಡ್ರೈವ್ ತಪ್ಪಿಲ್ಲದೆ ಓದುವುದಿಲ್ಲ; ತಪ್ಪುಗಳೊಂದಿಗೆ ಓದಿ ಅವನ್ನು ಗಣಿತದಿಂದ ತಿದ್ದುತ್ತದೆ. ಇದಕ್ಕೆ ಆಧಾರವಾದುದು ಇರ್ವಿಂಗ್ ರೀಡ್ ಮತ್ತು ಗುಸ್ತಾವ್ ಸಾಲೊಮನ್ 1960ರಲ್ಲಿ ಪ್ರಕಟಿಸಿದ ಸಂಕೇತ ಪದ್ಧತಿ. ಮೂಲ ಬೈಟ್‌ಗಳೊಂದಿಗೆ ಕೆಲವು ಹೆಚ್ಚುವರಿ ಬೈಟ್‌ಗಳನ್ನು ಲೆಕ್ಕಹಾಕಿ ಬರೆದಿಟ್ಟರೆ, ಓದುವಾಗ ಕೆಲವು ಬೈಟ್ ಕೆಟ್ಟರೂ ಮೂಲವನ್ನು ಮರಳಿ ಪಡೆಯಬಹುದು. ಸಿ.ಡಿ.ಯಲ್ಲಿ ಇಂತಹ ಎರಡು ಹಂತಗಳಿದ್ದು ಅವನ್ನು ಸಿ1 ಮತ್ತು ಸಿ2 ಎಂದು ಕರೆಯುತ್ತಾರೆ. ಬೈಟ್‌ಗಳನ್ನು ಜಾಡಿನುದ್ದಕ್ಕೂ ಚದುರಿಸಿ ಬರೆಯುವುದರಿಂದ, ಜಾಡಿನ ಗುಂಟ ಸುಮಾರು 2.5 ಮಿಲಿಮೀಟರ್‌ನಷ್ಟು ಭಾಗ ಪೂರ್ತಿ ಅಳಿದರೂ ಮಾಹಿತಿ ಉಳಿಯುತ್ತದೆ.

ದತ್ತಾಂಶ ಡಿಸ್ಕ್‌ನಲ್ಲಿ ಮೂರನೆಯ ಹಂತವೂ ಇದೆ. ಪ್ರತಿ ಸೆಕ್ಟರ್‌ನ 2,352 ಬೈಟ್‌ಗಳಲ್ಲಿ 276 ಬೈಟ್ ತಿದ್ದುಪಡಿಗೆ, 4 ಬೈಟ್ ತಪಾಸಣೆಗೆ ಮೀಸಲು. ಸಂಗೀತದ ಡಿಸ್ಕ್‌ನಲ್ಲಿ ಈ ಹಂತವಿಲ್ಲ; 2,352 ಬೈಟ್‌ಗಳೂ ಧ್ವನಿಗೇ ಸಲ್ಲುತ್ತವೆ. ವಿಡಿಯೋ ಸಿ.ಡಿ.ಯ ಚಿತ್ರಭಾಗವನ್ನು ಬರೆಯುವ ಸೆಕ್ಟರ್‌ಗಳಲ್ಲಿಯೂ ಹೆಚ್ಚು ದೃಶ್ಯ ತುಂಬಿಸುವ ಸಲುವಾಗಿ ಮೂರನೆಯ ಹಂತದ ತಿದ್ದುಪಡಿಯನ್ನು ಕೈಬಿಡಲಾಗಿದೆ. ಭಾರತದಲ್ಲಿ ವಿಡಿಯೋ ಸಿ.ಡಿ. ಬಹಳ ಜನಪ್ರಿಯವಾಗಿತ್ತು. ಕನ್ನಡ ಚಲನಚಿತ್ರಗಳೂ ಯಕ್ಷಗಾನ ಪ್ರಸಂಗಗಳೂ ಈ ರೂಪದಲ್ಲಿ ಮಾರಾಟವಾಗಿದ್ದವು. ಅಂತಹ ಡಿಸ್ಕ್‌ಗಳನ್ನು ಈಗ ನಕಲಿಸುವಾಗ, ಅದೇ ಮಟ್ಟದ ಗೀರು ಬಿದ್ದ ದತ್ತಾಂಶ ಡಿಸ್ಕ್‌ಗಿಂತ ಇವು ಬೇಗ ತಪ್ಪು ತೋರಿಸುತ್ತವೆ. ವೇಗ ತಗ್ಗಿಸುವುದರ ಲಾಭವೂ ಇವುಗಳಿಗೆ ಹೆಚ್ಚು.

ಡಿ.ವಿ.ಡಿ.ಯಲ್ಲಿ 16 ಸೆಕ್ಟರ್‌ಗಳ ಗುಂಪನ್ನು ಸಾಲು ಮತ್ತು ಕಂಬಗಳ ಚೌಕವಾಗಿ ಜೋಡಿಸಿ ಎರಡೂ ದಿಕ್ಕಿನಲ್ಲಿ ತಿದ್ದುಪಡಿ ಬೈಟ್ ಸೇರಿಸಲಾಗುತ್ತದೆ. ಆ ಗುಂಪು ಕೈಕೊಟ್ಟರೆ 32 ಕಿಲೋಬೈಟ್ ಒಟ್ಟಿಗೆ ಹೋಗುತ್ತದೆ.

ತಿದ್ದುಪಡಿಗೆ ಒಂದು ಖಚಿತವಾದ ಮಿತಿ ಇದೆ. ಮಿತಿಯೊಳಗೆ ಇರುವಷ್ಟು ಹೊತ್ತು ಬಳಕೆದಾರರಿಗೆ ಏನೂ ಗೊತ್ತಾಗುವುದಿಲ್ಲ; ಮೀರಿದೊಡನೆ ಸೆಕ್ಟರ್ ಓದಲು ಸಿಗುವುದಿಲ್ಲ. ಹಳೆಯ ಡಿಸ್ಕ್‌ನ ತಪ್ಪುಗಳಲ್ಲಿ ಒಂದು ಪಾಲು ಡಿಸ್ಕ್‌ನದೇ, ಇನ್ನೊಂದು ಪಾಲು ವೇಗದಿಂದ ಹುಟ್ಟಿದ್ದು. ಎರಡೂ ಸೇರಿ ಮಿತಿ ದಾಟಿದಾಗ, ವೇಗ ತಗ್ಗಿಸಿ ಎರಡನೆಯ ಪಾಲನ್ನು ಕಳೆದರೆ ಉಳಿದದ್ದನ್ನು ತಿದ್ದುಪಡಿ ನಿಭಾಯಿಸಬಲ್ಲದು. ಡಿಸ್ಕ್‌ನ ದೋಷವೊಂದೇ ಮಿತಿ ಮೀರಿದ್ದರೆ ವೇಗ ಎಷ್ಟು ತಗ್ಗಿಸಿದರೂ ಫಲವಿಲ್ಲ.

ಡ್ರೈವ್ ತಾನಾಗಿ ನಡೆಸುವ ನಿಯಂತ್ರಣ

ಬಹುತೇಕ ಡ್ರೈವ್‌ಗಳು ಡಿಸ್ಕ್ ಹಾಕಿದಾಗ ಅದರ ಬಗೆ, ಪ್ರತಿಫಲನ ಮತ್ತು ಓಲಾಟವನ್ನು ಅಳೆದು ಒಂದು ವೇಗವನ್ನು ಆಯ್ದುಕೊಳ್ಳುತ್ತವೆ. ಓದುವಾಗ ತಪ್ಪು ಹೆಚ್ಚಿದರೆ ವೇಗ ಇಳಿಸಿ ಮತ್ತೆ ಪ್ರಯತ್ನಿಸುತ್ತವೆ. ಸ್ವಲ್ಪ ಹೊತ್ತಿನ ಬಳಿಕ ಪುನಃ ವೇಗ ಏರಿಸುವ ಡ್ರೈವ್‌ಗಳೂ ಇವೆ, ಡಿಸ್ಕ್ ಹೊರತೆಗೆಯುವವರೆಗೆ ಕೆಳಗಿನ ವೇಗದಲ್ಲೇ ಉಳಿಯುವ ಡ್ರೈವ್‌ಗಳೂ ಇವೆ. ಮೊದಲ ಬಗೆಯವು ಹಾನಿಗೊಂಡ ಡಿಸ್ಕ್‌ನಲ್ಲಿ ಏರುವುದು, ಎಡವುವುದು, ಇಳಿಯುವುದು, ಮತ್ತೆ ಏರುವುದು ಎಂಬ ಚಕ್ರಕ್ಕೆ ಸಿಲುಕುತ್ತವೆ. ಆಗ ಹೆಚ್ಚಿನ ಸಮಯ ಓದಿಗಲ್ಲದೆ ಮೋಟಾರಿನ ಏರಿಳಿತಕ್ಕೇ ಸಲ್ಲುತ್ತದೆ. ಮೊದಲಿನಿಂದಲೇ ಮಧ್ಯಮ ವೇಗಕ್ಕೆ ಕಟ್ಟಿಹಾಕಿದರೆ ಕೆಲಸ ಒಟ್ಟಾರೆ ಬೇಗ ಮುಗಿಯುವುದುಂಟು. ತುಂಬಿದ ಸಿ.ಡಿ.ಯನ್ನು 52 ಪಟ್ಟಿನ ಡ್ರೈವ್ ತಡೆಯಿಲ್ಲದೆ ಓದಿದರೆ ಎರಡು ನಿಮಿಷದ ಸುಮಾರಿಗೆ ಮುಗಿಯುತ್ತದೆ. ಸ್ಥಿರವಾಗಿ 8 ಪಟ್ಟಿನಲ್ಲಿ ಹತ್ತು ನಿಮಿಷ ಬೇಕು. ಕೆಟ್ಟ ಸೆಕ್ಟರ್‌ಗಳ ಮೇಲೆ ಡ್ರೈವ್ ಹಲವು ಸಲ ಹೆಣಗಾಡಿದರೆ ಈ ಎಂಟು ನಿಮಿಷದ ಉಳಿತಾಯ ಬೇಗನೆ ಕರಗಿಹೋಗುತ್ತದೆ.

ಕೆಲವು ಡ್ರೈವ್‌ಗಳಲ್ಲಿ ಚಲನಚಿತ್ರದ ಡಿ.ವಿ.ಡಿ. ಹಾಕಿದಾಗ ವೇಗವನ್ನು ಒಳತಂತ್ರಾಂಶವೇ ಬಿಗಿಯಾಗಿ ಮಿತಗೊಳಿಸುತ್ತದೆ. ಚಿತ್ರ ನೋಡುವಾಗ ಸದ್ದು ಆಗದಿರಲಿ ಎಂಬುದು ಇದಕ್ಕೆ ಕೊಡುವ ವಿವರಣೆ. ನಕಲಿಸುವವರಿಗೆ ಅಡ್ಡಿಯಾಗುವುದರಿಂದ ಇದನ್ನು 'ರಿಪ್‌ಲಾಕ್' ಎಂದು ಕರೆಯುವ ರೂಢಿ ಬಂದಿದೆ.

ಬಳಕೆದಾರರು ವೇಗ ಗೊತ್ತುಪಡಿಸುವ ವಿಧಾನ

ಆಪ್ಟಿಕಲ್ ಡ್ರೈವ್‌ಗಳ ಆಜ್ಞೆಗಳನ್ನು ಎಂ.ಎಂ.ಸಿ. ಎಂಬ ಮಾನಕ ನಿರ್ದೇಶಿಸುತ್ತದೆ. ಅದರಲ್ಲಿ ಸಿ.ಡಿ.ಗಾಗಿ 'ಸೆಟ್ ಸಿ.ಡಿ. ಸ್ಪೀಡ್' ಎಂಬ ಆಜ್ಞೆಯೂ, ಡಿ.ವಿ.ಡಿ. ಮತ್ತು ನಂತರದ ಡಿಸ್ಕ್‌ಗಳಿಗಾಗಿ 'ಸೆಟ್ ಸ್ಟ್ರೀಮಿಂಗ್' ಎಂಬ ಆಜ್ಞೆಯೂ ಇವೆ. ಸೆಟ್ ಸಿ.ಡಿ. ಸ್ಪೀಡ್ ಆಜ್ಞೆಯಲ್ಲಿ ವೇಗವನ್ನು ಪಟ್ಟುಗಳಲ್ಲಿ ಅಲ್ಲದೆ ಸೆಕೆಂಡಿಗೆ ಇಷ್ಟು ಕಿಲೋಬೈಟ್ ಎಂದು ಸೂಚಿಸಲಾಗುತ್ತದೆ. ಇದಕ್ಕೆ ಸಂಗೀತ ಡಿಸ್ಕ್‌ನ 176.4 ಕಿಲೋಬೈಟ್ ಆಧಾರ. ನಾಲ್ಕು ಪಟ್ಟು ಎಂದರೆ ಸುಮಾರು 706.

ಬಳಕೆದಾರರು ಈ ಆಜ್ಞೆಗಳನ್ನು ನೇರವಾಗಿ ಬರೆಯಬೇಕಾಗಿಲ್ಲ. ಲಿನಕ್ಸ್‌ನಲ್ಲಿ 'ಇಜೆಕ್ಟ್' ಆಜ್ಞೆಗೆ ಸಣ್ಣಕ್ಷರದ ಎಕ್ಸ್ ಆಯ್ಕೆಯನ್ನೂ, 'ಎಚ್‌ಡಿಪಾರ್ಮ್' ಆಜ್ಞೆಗೆ ದೊಡ್ಡಕ್ಷರದ ಇ ಆಯ್ಕೆಯನ್ನೂ ಕೊಟ್ಟು, ಜೊತೆಗೆ ಪಟ್ಟಿನ ಅಂಕಿಯನ್ನು ಬರೆದರೆ ವೇಗ ಬದಲಾಗುತ್ತದೆ. ಫ್ರೀಬಿಎಸ್‌ಡಿಯಲ್ಲಿ 'ಸಿಡಿಕಂಟ್ರೋಲ್' ಇದೇ ಕೆಲಸ ಮಾಡುತ್ತದೆ. ವಿಂಡೋಸ್‌ಗಾಗಿ 'ನೀರೋ ಡ್ರೈವ್‌ಸ್ಪೀಡ್', 'ಸಿಡಿಬ್ರೆಮ್ಸೆ' ಮುಂತಾದ ತಂತ್ರಾಂಶಗಳು ರೂಪುಗೊಂಡವು. 'ಬ್ರೆಮ್ಸೆ' ಎಂದರೆ ಜರ್ಮನ್ ಭಾಷೆಯಲ್ಲಿ ತಡೆ, ಅಂದರೆ ಬ್ರೇಕ್. ಡಿಸ್ಕ್‌ನ ಪ್ರತಿರೂಪ ತೆಗೆಯುವ 'ಇಮ್ಗ್‌ಬರ್ನ್' ತಂತ್ರಾಂಶದಲ್ಲಿಯೂ ಓದುವ ವೇಗದ ಆಯ್ಕೆ ಇದೆ.

ಈ ಆಜ್ಞೆಗಳ ವಿಷಯದಲ್ಲಿ ಮೂರು ಅಂಶಗಳು ಮುಖ್ಯ. ಡ್ರೈವ್ ತನಗೆ ಗೊತ್ತಿರುವ ಕೆಲವೇ ವೇಗಗಳಲ್ಲಿ ಕೇಳಿದ್ದಕ್ಕೆ ಹತ್ತಿರವಾದುದನ್ನು ಆಯ್ದುಕೊಳ್ಳುತ್ತದೆ; ಒಂದು ಅಥವಾ ಎರಡು ಪಟ್ಟು ಕೇಳಿದರೂ ನಾಲ್ಕು ಅಥವಾ ಎಂಟಕ್ಕಿಂತ ಕೆಳಗೆ ಇಳಿಯದ ಡ್ರೈವ್‌ಗಳಿವೆ. ಡಿಸ್ಕ್ ಬದಲಿಸಿದಾಗ ಅಥವಾ ಗಣಕಯಂತ್ರವನ್ನು ಮರಳಿ ಚಾಲೂ ಮಾಡಿದಾಗ ಆಯ್ಕೆ ಅಳಿದು ಗರಿಷ್ಠ ವೇಗವೇ ಮರುಕಳಿಸಬಹುದು. ಕೆಲವು ಡ್ರೈವ್‌ಗಳು ಆಜ್ಞೆಯನ್ನು ಒಪ್ಪಿದಂತೆ ಉತ್ತರಿಸಿ ಪಾಲಿಸದೆಯೂ ಇರುತ್ತವೆ. ಆದ್ದರಿಂದ ಮೋಟಾರಿನ ಸದ್ದನ್ನು ಆಲಿಸಿ, ದತ್ತಾಂಶ ಬರುವ ದರವನ್ನು ನೋಡಿ ವೇಗ ನಿಜವಾಗಿ ಇಳಿದಿದೆಯೇ ಎಂದು ಖಚಿತಪಡಿಸಿಕೊಳ್ಳಬೇಕು.

ಸಂಗೀತ ಡಿಸ್ಕ್‌ಗಳ ವಿಶೇಷ ಸಮಸ್ಯೆ

ದತ್ತಾಂಶ ಡಿಸ್ಕ್‌ನಲ್ಲಿ ಓದು ಸೋತರೆ ಗಣಕಯಂತ್ರ ಸೂಚನೆ ಕೊಡುತ್ತದೆ. ಸಂಗೀತ ಡಿಸ್ಕ್‌ನಲ್ಲಿ ಸೋಲು ಮೌನವಾಗಿ ನಡೆಯುತ್ತದೆ. ತಿದ್ದಲಾಗದ ಬೈಟ್‌ಗಳ ಜಾಗದಲ್ಲಿ ಅಕ್ಕಪಕ್ಕದ ಮೌಲ್ಯಗಳಿಂದ ಅಂದಾಜು ಮಾಡಿದ ಧ್ವನಿಯನ್ನು ತುಂಬುವುದು ನುಡಿಸುವ ಯಂತ್ರದ ಧರ್ಮ. ಕಿವಿಗೆ ಅದು ಗೊತ್ತಾಗದೆ ಹೋಗಬಹುದು. ಆದರೆ ನಕಲು ಮೂಲದಂತಿರುವುದಿಲ್ಲ. ಮೂಲ ಡಿಸ್ಕನ್ನು ಆಮೇಲೆ ಎಸೆದರೆ ಆ ತಪ್ಪು ಶಾಶ್ವತವಾಗುತ್ತದೆ.

ಇದಕ್ಕಾಗಿ ರೂಪುಗೊಂಡ 'ಸಿಡಿಪ್ಯಾರನೋಯಾ', 'ಎಕ್ಸಾಕ್ಟ್ ಆಡಿಯೊ ಕಾಪಿ' ಮುಂತಾದ ತಂತ್ರಾಂಶಗಳು ಒಂದೇ ಭಾಗವನ್ನು ಒಂದಕ್ಕಿಂತ ಹೆಚ್ಚು ಸಲ ಓದಿ ಹೋಲಿಸುತ್ತವೆ. ಎರಡನೆಯ ಓದು ಡ್ರೈವ್‌ನ ತಾತ್ಕಾಲಿಕ ಸ್ಮೃತಿಯಿಂದ ಬಂದರೆ ಹೋಲಿಕೆಗೆ ಅರ್ಥವಿಲ್ಲ. ಹಾಗಾಗದಂತೆ ಡಿಸ್ಕನ್ನೇ ಮತ್ತೆ ಓದಿಸುವ ಉಪಾಯವೂ ಇವುಗಳಲ್ಲಿದೆ. 'ಅಕ್ಯುರೇಟ್‌ರಿಪ್' ಎಂಬ ದತ್ತಸಂಚಯವು ಒಂದೇ ಡಿಸ್ಕನ್ನು ಬೇರೆ ಬಳಕೆದಾರರು ನಕಲಿಸಿದಾಗ ಬಂದ ಮೊತ್ತದೊಂದಿಗೆ ಹೋಲಿಸಿ ನೋಡಲು ಅವಕಾಶ ನೀಡುತ್ತದೆ. ಎರಡು ಓದುಗಳು ಹೊಂದದಿದ್ದಾಗ ವೇಗ ಇಳಿಸಿ ಮತ್ತೆ ಓದುವುದು ಸಾಮಾನ್ಯ ಕ್ರಮ.

ನಿಧಾನದ ಮಿತಿಗಳು

ಗೀರು ಬಿದ್ದ ಡಿಸ್ಕ್‌ಗಳಲ್ಲಿ ತೀರ ಕಡಿಮೆ ವೇಗ ತಿರುಗುಬಾಣವಾಗಬಹುದು. ಒಂದು ಮಿಲಿಮೀಟರ್ ಅಗಲದ ಗೀರು ಒಂದು ಪಟ್ಟು ವೇಗದ ಸಿ.ಡಿ.ಯಲ್ಲಿ ಸೆಕೆಂಡಿನ ಸಾವಿರದ ಒಂದು ಭಾಗಕ್ಕೆ ಹತ್ತಿರವಾದಷ್ಟು ಹೊತ್ತು ಕಿರಣಕ್ಕೆ ಅಡ್ಡ ನಿಲ್ಲುತ್ತದೆ. ಇಷ್ಟು ಹೊತ್ತಿನಲ್ಲಿ ಸರ್ವೋ ಗೀರನ್ನೇ ಜಾಡೆಂದು ಭ್ರಮಿಸಿ ಅದರ ಹಿಂದೆ ಹೋಗಬಹುದು. ವೇಗ ಹೆಚ್ಚಿದ್ದರೆ ಗೀರು ಸರ್ವೋ ಪ್ರತಿಕ್ರಿಯಿಸುವ ಮೊದಲೇ ಹಾದುಹೋಗುತ್ತದೆ. ಮಸೂರ ತನ್ನ ದಾರಿಯಲ್ಲೇ ಉಳಿಯುತ್ತದೆ. ಜೊತೆಗೆ ಹೊಸ ಡ್ರೈವ್‌ಗಳ ಸಂಕೇತ ಮಂಡಲಗಳನ್ನು ಹೆಚ್ಚಿನ ವೇಗಕ್ಕೆ ಹದಗೊಳಿಸಿರುತ್ತಾರೆ. ಹೀಗಾಗಿ 4 ಪಟ್ಟಿನಲ್ಲಿ ಸೋತ ಸೆಕ್ಟರ್ 16 ಪಟ್ಟಿನಲ್ಲಿ ಓದಲು ಸಿಗುವ ಸಂದರ್ಭಗಳೂ ಇವೆ.

ಸ್ಥೂಲವಾಗಿ, ಬಾಗಿದ, ಕೇಂದ್ರ ತಪ್ಪಿದ, ತೂಕ ಅಸಮವಾದ, ವರ್ಣದ್ರವ್ಯ ಮಾಸಿದ ಡಿಸ್ಕ್‌ಗಳಿಗೆ ನಿಧಾನ ಸಹಾಯಕ. ಗೀರುಗಳಿಂದ ತುಂಬಿದ ಡಿಸ್ಕ್‌ಗಳಿಗೆ ಮಧ್ಯಮ ವೇಗಗಳನ್ನೂ ಪ್ರಯತ್ನಿಸಬೇಕು. ದೋಷಗಳನ್ನು ಎಣಿಸುವ ತಂತ್ರಾಂಶಗಳ ಅಂಕಿಗಳೂ ವೇಗದೊಂದಿಗೆ ಬದಲಾಗುತ್ತವೆ. ಆದ್ದರಿಂದ ಬೇರೆ ವೇಗದಲ್ಲಿ ಅಥವಾ ಬೇರೆ ಡ್ರೈವ್‌ನಲ್ಲಿ ಬಂದ ಎಣಿಕೆಗಳನ್ನು ಒಂದಕ್ಕೊಂದು ಹೋಲಿಸುವುದು ಸರಿಯಲ್ಲ.

ಹಾನಿಗೊಂಡ ಡಿಸ್ಕನ್ನು ಓದುವ ಕ್ರಮ

ಮೊದಲು ಡಿಸ್ಕನ್ನು ಪರಿಶೀಲಿಸಿ, ನಡುವಿನಿಂದ ಅಂಚಿನತ್ತ ನೇರವಾಗಿ ಮೆತ್ತನೆಯ ಬಟ್ಟೆಯಿಂದ ಒರೆಸಬೇಕು. ವೃತ್ತಾಕಾರವಾಗಿ ಒರೆಸಿದರೆ ಉಂಟಾಗುವ ಗೀರು ಜಾಡಿನ ಗುಂಟ ಸಾಗಿ ಅನೇಕ ಬೈಟ್‌ಗಳನ್ನು ಒಟ್ಟಿಗೆ ಮರೆಮಾಡುತ್ತದೆ. ಅಡ್ಡಗೀರು ತಿದ್ದುಪಡಿಗೆ ಸುಲಭ. ಅಂಟಿಸಿದ ಚೀಟಿಯನ್ನು ಕೀಳಬಾರದು. ಸಿ.ಡಿ.ಯ ಪ್ರತಿಫಲನ ಪದರ ಮೇಲ್ಭಾಗದ ತೆಳು ಮೆರುಗಿನ ಕೆಳಗೇ ಇರುವುದರಿಂದ ಅದು ಚೀಟಿಯೊಂದಿಗೆ ಕಿತ್ತುಬರಬಹುದು.

ಬಳಿಕ ಕಡತಗಳನ್ನು ಒಂದೊಂದಾಗಿ ನಕಲಿಸುವ ಬದಲು ಇಡೀ ಡಿಸ್ಕ್‌ನ ಪ್ರತಿರೂಪ ತೆಗೆಯುವುದು ಉತ್ತಮ. ದತ್ತಾಂಶ ಡಿಸ್ಕ್‌ಗಳಿಗೆ ಬಳಸುವ 'ಡಿಡಿರೆಸ್ಕ್ಯೂ' ತಂತ್ರಾಂಶವು ಮೊದಲ ಸುತ್ತಿನಲ್ಲಿ ಸುಲಭವಾಗಿ ಸಿಗುವ ಭಾಗಗಳನ್ನು ಓದಿ, ಸಿಗದವುಗಳ ಪಟ್ಟಿಯನ್ನು ಪ್ರತ್ಯೇಕ ಕಡತದಲ್ಲಿ ಇಡುತ್ತದೆ. ಮುಂದಿನ ಸುತ್ತುಗಳಲ್ಲಿ ಆ ಪಟ್ಟಿಯ ಸೆಕ್ಟರ್‌ಗಳನ್ನು ಮಾತ್ರ ಮತ್ತೆ ಓದಲಾಗುತ್ತದೆ. ಮೊದಲ ಸುತ್ತನ್ನು ಮಧ್ಯಮ ವೇಗದಲ್ಲಿ, ಎರಡನೆಯದನ್ನು ಕನಿಷ್ಠ ವೇಗದಲ್ಲಿ, ಮೂರನೆಯದನ್ನು ಮತ್ತೊಂದು ವೇಗದಲ್ಲಿ ನಡೆಸಬಹುದು. ಅದೇ ಪಟ್ಟಿಯನ್ನು ಇಟ್ಟುಕೊಂಡು ಡಿಸ್ಕನ್ನು ಇನ್ನೊಂದು ಡ್ರೈವ್‌ಗೆ ಹಾಕಿದರೆ ಉಳಿದ ಸೆಕ್ಟರ್‌ಗಳು ಅಲ್ಲಿ ಸಿಗುವ ಸಾಧ್ಯತೆ ಇದೆ. ಪ್ರತಿ ಡ್ರೈವ್‌ನ ಮಸೂರ, ಸರ್ವೋ ಮತ್ತು ತಿದ್ದುಪಡಿ ಮಂಡಲ ಭಿನ್ನವಾಗಿರುವುದರಿಂದ ಡ್ರೈವ್ ಬದಲಿಸುವುದು ವೇಗ ಬದಲಿಸಿದಷ್ಟೇ, ಕೆಲವೊಮ್ಮೆ ಅದಕ್ಕಿಂತಲೂ ಹೆಚ್ಚು ಫಲಕಾರಿ.

ಸಂರಕ್ಷಣೆಯೊಂದಿಗೆ ಸಂಬಂಧ

ವೇಗ ನಿಯಂತ್ರಣವು ಡಿಸ್ಕ್‌ನಲ್ಲಿ ಇನ್ನೂ ಉಳಿದಿರುವುದನ್ನು ಓದಲು ನೆರವಾಗುತ್ತದೆ. ಅಳಿದುಹೋದದ್ದನ್ನು ಮರಳಿ ಸೃಷ್ಟಿಸುವುದಿಲ್ಲ. ಮನೆಯಲ್ಲಿ ಬರೆದ ಡಿಸ್ಕ್‌ಗಳ ವರ್ಣದ್ರವ್ಯ ಬೆಳಕು, ಶಾಖ ಮತ್ತು ತೇವಕ್ಕೆ ಸಿಲುಕಿ ಕಾಲಕ್ರಮೇಣ ಕೆಡುತ್ತದೆ. ಅಮೆರಿಕದ ರಾಷ್ಟ್ರೀಯ ಮಾನಕ ಮತ್ತು ತಂತ್ರಜ್ಞಾನ ಸಂಸ್ಥೆ 2003ರಲ್ಲಿ ಹೊರತಂದ ಕೈಪಿಡಿಯು ಡಿಸ್ಕ್‌ಗಳನ್ನು 4ರಿಂದ 20 ಡಿಗ್ರಿ ಸೆಲ್ಸಿಯಸ್ ಉಷ್ಣತೆ ಹಾಗೂ ಶೇಕಡಾ 20ರಿಂದ 50ರಷ್ಟು ಸಾಪೇಕ್ಷ ಆರ್ದ್ರತೆಯಲ್ಲಿ ಇಡಲು ಸಲಹೆ ಮಾಡುತ್ತದೆ. ಕರ್ನಾಟಕದ ಕರಾವಳಿ ಮತ್ತು ಮಲೆನಾಡಿನಲ್ಲಿ ಮಳೆಗಾಲದುದ್ದಕ್ಕೂ ಗಾಳಿಯ ತೇವ ಈ ಮಿತಿಗಿಂತ ಬಹಳ ಮೇಲಿರುತ್ತದೆ. ಕಪಾಟಿನಲ್ಲಿ ಇಟ್ಟ ಮಾತ್ರಕ್ಕೆ ಅಲ್ಲಿಯ ಡಿಸ್ಕ್‌ಗಳು ಸುರಕ್ಷಿತವೆಂದು ಭಾವಿಸುವಂತಿಲ್ಲ.

ಡಿಸ್ಕ್ ಇನ್ನೂ ಚೆನ್ನಾಗಿರುವಾಗಲೇ 'ಡಿವಿಡಿಸಾಸ್ಟರ್' ಎಂಬ ತಂತ್ರಾಂಶದಿಂದ ಹೆಚ್ಚುವರಿ ತಿದ್ದುಪಡಿ ಮಾಹಿತಿಯನ್ನು ಲೆಕ್ಕಹಾಕಿ ಬೇರೆಡೆ ಉಳಿಸಿದರೆ, ಮುಂದೆ ಕೆಲವು ಸೆಕ್ಟರ್‌ಗಳು ಕೆಟ್ಟರೂ ಮೂಲವನ್ನು ಪೂರ್ತಿಯಾಗಿ ಮರಳಿ ಪಡೆಯಬಹುದು. ಹೊಸ ಗಣಕಯಂತ್ರಗಳಲ್ಲಿ ಆಪ್ಟಿಕಲ್ ಡ್ರೈವ್ ಅಪರೂಪವಾಗುತ್ತಿದ್ದು, ಡಿಸ್ಕ್‌ಗಳ ಜೊತೆಗೆ ಅವನ್ನು ಓದಬಲ್ಲ ಯಂತ್ರಗಳೂ ಕಡಿಮೆಯಾಗುತ್ತಿವೆ. ಈ ಕಾರಣದಿಂದ ಮುಖ್ಯ ಡಿಸ್ಕ್‌ಗಳನ್ನು ಸೂಕ್ತ ವೇಗದಲ್ಲಿ ಓದಿ ಪ್ರತಿರೂಪ ತೆಗೆದು, ಮೂಲದೊಂದಿಗೆ ಹೋಲಿಸಿ, ಒಂದಕ್ಕಿಂತ ಹೆಚ್ಚು ಕಡೆ ಇಡುವುದನ್ನು ಸಂರಕ್ಷಣೆಯ ಮೊದಲ ಹೆಜ್ಜೆಯೆಂದು ಪರಿಗಣಿಸಲಾಗುತ್ತದೆ.